ಅರ್ಧ ಮೈಲಿಯ ರಂಗದಲ್ಲಿ ಐನೂರು ಸುತ್ತು

ಒಂದು ಸ್ಥಳದಿಂದ ಹೊರಟು ಮತ್ತೊಂದು ಸ್ಥಳವನ್ನು ಸೇರುವುದಕ್ಕಾಗಿಯೇ ವಾಹನವು ಹುಟ್ಟಿತೆಂದು ನಾವೆಲ್ಲರೂ ತಿಳಿದಿರುವೆವು. ಆದರೆ ಹೊರಟ ಸ್ಥಳಕ್ಕೇ ಇಪ್ಪತ್ತು ಸೆಕೆಂಡಿಗೊಮ್ಮೆ ಹಿಂದಿರುಗಿ ಬರುತ್ತ, ಮೂರು ಮೂರೂವರೆ ಗಂಟೆಗಳ ಕಾಲ ಸುತ್ತಿದಲ್ಲಿಯೇ ಸುತ್ತುತ್ತ, ಕಟ್ಟಕಡೆಗೆ ಹೊರಟ ಗೆರೆಯ ಮೇಲೆಯೇ ಬಂದು ಮುಗಿಸುವ ವಾಹನಗಳೂ ಲೋಕದಲ್ಲಿ ಉಂಟು. ಅವುಗಳನ್ನು ನೋಡುವುದಕ್ಕೆ ಸಹಸ್ರಾರು ಜನರು ಹಣ ಕೊಟ್ಟು ನೆರೆಯುವುದೂ ಉಂಟು. ಅಮೆರಿಕಾ ಸಂಯುಕ್ತ ಸಂಸ್ಥಾನಗಳ ಆಗ್ನೇಯ ಭಾಗದಲ್ಲಿ ಹುಟ್ಟಿ ಬೆಳೆದ ‘ಸ್ಟಾಕ್ ಕಾರ್’ ಪಂದ್ಯವೆಂಬುದು ಈ ಬಗೆಯದು. ಗಾಣದ ಎತ್ತಿನ ತಿರುಗಾಟಕ್ಕೂ ಇದಕ್ಕೂ ಏನು ಭೇದವೆಂದು ವಾಚಕರು ಕೇಳಬಹುದು. ಭೇದವುಂಟು. ಗಾಣದ ಎತ್ತು ಒಂದೇ ಇರುತ್ತದೆ. ಇಲ್ಲಿ ಮೂವತ್ತೇಳು ಎತ್ತುಗಳು ಒಂದೇ ಗಾಣಕ್ಕೆ ಬಿದ್ದಿರುತ್ತವೆ, ಮತ್ತು ಅವುಗಳಲ್ಲಿ ಪ್ರತಿಯೊಂದಕ್ಕೂ ತಾನೇ ಮುಂದಿರಬೇಕೆಂಬ ಹಟವಿರುತ್ತದೆ.

‘ಸ್ಟಾಕ್’ ಎಂದರೆ ದಾಸ್ತಾನು. ಪಂದ್ಯಕ್ಕೆಂದೇ ಪ್ರತ್ಯೇಕವಾಗಿ ನಿರ್ಮಿಸಿದ ರಥವಲ್ಲದೆ, ವರ್ತಕನ ದಾಸ್ತಾನಿನಿಂದ ಯಾವ ಗೃಹಸ್ಥನಾದರೂ ಹಣ ತೆತ್ತು ಮನೆಗೆ ತರಬಹುದಾದ ಗಾಡಿಯನ್ನೇ ರಂಗಕ್ಕಿಳಿಸಬೇಕೆಂಬುದು ಆ ಹೆಸರಿನ ಮೂಲಾರ್ಥ. ಈಗ ಅರ್ಥವು ಹೋಗಿ ಹೆಸರೊಂದು ಉಳಿದಿದೆ. ಇಂದಿನ ಪಂದ್ಯದ ಗಾಡಿಯು ತಲೆಯಿಂದ ಕಾಲಿನವರೆಗೆ ಪಂದ್ಯಕ್ಕಾಗಿಯೇ ಆದುದು. ಹೊರಗಣ ಆಕೃತಿಯಲ್ಲಿ ಮಾತ್ರ ಅಂಗಡಿಯ ಗಾಡಿಯ ಹೋಲಿಕೆಯನ್ನು ಇಟ್ಟುಕೊಂಡಿದೆ. ನಮ್ಮ ಅಲಂಕಾರಶಾಸ್ತ್ರದವರು ಇಂತಹುದಕ್ಕೆ ‘ಕುಶಲ’ ಶಬ್ದವನ್ನು ಉದಾಹರಿಸುವರು. ಕುಶಲನೆಂದರೆ ಮೊದಲು ಕೈ ಕೊಯ್ಯದಂತೆ ದರ್ಭೆಯನ್ನು ಕೊಯ್ದು ತರಬಲ್ಲವನು. ಈಗ ದರ್ಭೆಯನ್ನು ಕಣ್ಣಿನಿಂದ ಕಾಣದವನೂ ಕುಶಲನೇ.

ಪಂದ್ಯದ ಪಥಗಳಲ್ಲಿ ಹಿರಿದು ಕಿರಿದೆಂಬ ವಿಭಾಗವಿದೆ. ಒಂದು ಮೈಲಿಗಿಂತ ಕಡಿಮೆಯಾದುದು ಕಿರುಪಥ. ಫ್ಲಾರಿಡಾ ಸಂಸ್ಥಾನದ ಡೇಟೋನಾದಲ್ಲಿ ೧೯೫೯ರಲ್ಲಿ ತೆರೆದ ಹಿರಿಯ ಪಥವು ಎರಡೂವರೆ ಮೈಲಿಯ ಸುತ್ತಳತೆಯುಳ್ಳದ್ದು. ಅಲ್ಲಿಯ ತಿರುವುಗಳು ೩೧ ಡಿಗ್ರಿಯಷ್ಟು ಓರೆಯಾಗಿ ಗೋಡೆಯಂತೆ ಎದ್ದಿರುವುದರಿಂದ ಗಾಡಿಗಳು ವೇಗವನ್ನು ತಗ್ಗಿಸದೆಯೇ ತಿರುಗಬಲ್ಲವು. ಲೋಕದಲ್ಲಿ ಹೆಸರಾದುದು ಅದೇ. ಆದರೆ ಪಂದ್ಯದ ಜೀವವನ್ನು ಕಾಣಬೇಕಾದರೆ ಕಿರುಪಥಕ್ಕೆ ಹೋಗಬೇಕೆಂದು ಬಲ್ಲವರು ಹೇಳುವರು; ನನಗೂ ಅದೇ ಸರಿಯೆಂದು ತೋರುತ್ತದೆ. ಹಿರಿಯ ಪಥದಲ್ಲಿ ಯಂತ್ರದ ಬಲ ಮುಂದಾಗುತ್ತದೆ. ಕಿರುಪಥದಲ್ಲಿ ಮನುಷ್ಯನ ತಾಳ್ಮೆಯೂ ಸಿಟ್ಟೂ ಮುಂದಾಗುತ್ತವೆ.

ಇಂತಹ ಕಿರುಪಥಗಳಲ್ಲಿ ಹಳೆಯದೂ ಮಾನ್ಯವಾದುದೂ ವರ್ಜಿನಿಯಾ ಸಂಸ್ಥಾನದ ದಕ್ಷಿಣದಂಚಿನಲ್ಲಿರುವ ಮಾರ್ಟಿನ್ಸ್‌ವಿಲ್ ಪಥ. ಎಚ್. ಕ್ಲೇ ಅರ್ಲ್ಸ್ ಎಂಬವರು ಕೆಮ್ಮಣ್ಣಿನ ನೆಲವನ್ನು ಮಟ್ಟಮಾಡಿಸಿ ೧೯೪೭ರ ಸೆಪ್ಟೆಂಬರ್ ೭ನೆಯ ತಾರೀಖು ಅಲ್ಲಿ ಮೊದಲನೆಯ ಪಂದ್ಯವನ್ನು ನಡೆಯಿಸಿದರು. ಅಂದು ಸಿದ್ಧವಾಗಿದ್ದ ಆಸನಗಳು ಏಳುನೂರೈವತ್ತು. ಬಂದವರು ಆರು ಸಾವಿರಕ್ಕೂ ಮಿಕ್ಕ ಜನ. ಅದು ಭಾನುವಾರವಾದುದರಿಂದ ಅನೇಕರು ಇಗರ್ಜಿಗೆ ಉಟ್ಟ ಒಳ್ಳೆಯ ಬಟ್ಟೆಯಲ್ಲಿಯೇ ಬಂದಿದ್ದರು. ಗಾಡಿಗಳು ಓಡತೊಡಗಿದೊಡನೆ ಎದ್ದ ಕೆಂಪು ಧೂಳು ಆ ಬಟ್ಟೆಗಳನ್ನು ಯಾವ ಸ್ಥಿತಿಗೆ ತಂದಿತೆಂಬುದನ್ನು ಬಯಲುಸೀಮೆಯ ಹಾದಿಯಲ್ಲಿ ಬೇಸಗೆಯಲ್ಲಿ ಬಸ್ಸಿನ ಹಿಂದೆ ನಡೆದವರು ಊಹಿಸಿಕೊಳ್ಳಬಲ್ಲರು. ಗೆದ್ದವರು ರೆಡ್ ಬೈರನ್. ಎರಡನೆಯ ಮಹಾಯುದ್ಧದಲ್ಲಿ ವಿಮಾನದಲ್ಲಿ ಗಾಯಗೊಂಡು ಒಂದು ಕಾಲು ಸ್ವಾಧೀನ ತಪ್ಪಿದ್ದ ಯೋಧರು.

ಅದೇ ವರ್ಷದ ಡಿಸೆಂಬರಿನಲ್ಲಿ ಡೇಟೋನಾದ ಒಂದು ಹೋಟೆಲಿನಲ್ಲಿ ಬಿಲ್ ಫ್ರಾನ್ಸ್ ಎಂಬವರ ಮುಂದಾಳುತನದಲ್ಲಿ ಪಂದ್ಯಗಾರರು ಸೇರಿ, ಚದುರಿದ್ದ ಆಟಕ್ಕೆಲ್ಲ ಒಂದು ಸಂಘವನ್ನು ಕಟ್ಟಲು ನಿಶ್ಚಯಿಸಿದರು. ೧೯೪೮ರಲ್ಲಿ ರೂಪುಗೊಂಡ ಆ ಸಂಘವೇ ನಾಸ್ಕಾರ್. ೧೯೪೯ರಲ್ಲಿ ಅದರ ಮುಖ್ಯ ಪಂದ್ಯಮಾಲೆ ಮೊದಲಾದಂದಿನಿಂದ ಎಡೆಬಿಡದೆ ಉಳಿದುಕೊಂಡು ಬಂದಿರುವ ಪಥವು ಮಾರ್ಟಿನ್ಸ್‌ವಿಲ್ ಒಂದೇ. ೧೯೫೫ರಲ್ಲಿ ಅದಕ್ಕೆ ಡಾಂಬರು ಹಾಸಿದರು. ಮುಂದೆ ತಿರುವುಗಳು ಗಾಲಿಗಳ ಒತ್ತಡಕ್ಕೆ ಕಿತ್ತುಹೋಗುತ್ತಿದ್ದುದರಿಂದ ಅವಕ್ಕೆ ಮಾತ್ರ ಕಾಂಕ್ರೀಟು ಹಾಕಿದರು.

ಈ ಆಟದ ಹುಟ್ಟಿನಲ್ಲಿ ಒಂದು ಕಳಂಕವಿದೆ. ಅದನ್ನು ಮುಚ್ಚಿಡುವುದಕ್ಕೆ ಅಲ್ಲಿಯವರೇ ಯತ್ನಿಸುವುದಿಲ್ಲ. ೧೯೨೦ರಿಂದ ೧೯೩೩ರವರೆಗೆ ಆ ದೇಶದಲ್ಲೆಲ್ಲ ಪಾನನಿರೋಧದ ಶಾಸನವಿದ್ದಿತು. ಬೆಟ್ಟಗಾಡಿನ ಬಡ ಬೇಸಾಯಗಾರರು ಬೆಳದಿಂಗಳಿನಲ್ಲಿ ಕಳ್ಳಭಟ್ಟಿಯನ್ನು ಇಳಿಸಿ, ರಾತ್ರೋರಾತ್ರಿ ಪಟ್ಟಣಗಳಿಗೆ ಸಾಗಿಸುತ್ತಿದ್ದರು. ಶಾಸನವು ಹೋದ ಮೇಲೂ ತೆರಿಗೆಯನ್ನು ತಪ್ಪಿಸುವ ಸಲುವಾಗಿ ಈ ವ್ಯಾಪಾರವು ನಿಲ್ಲಲಿಲ್ಲ. ಸಾಗಿಸುವವರು ತಮ್ಮ ಗಾಡಿಗಳನ್ನು ಬಿಚ್ಚಿ, ಸರ್ಕಾರದವರ ಗಾಡಿಗಿಂತ ವೇಗವಾಗಿ ಓಡುವಂತೆ ತಿದ್ದುವರು. ಪೀಪಾಯಿಗಳ ಭಾರಕ್ಕೆ ಗಾಡಿಯ ಹಿಂಭಾಗವು ಕುಸಿದರೆ ಪೊಲೀಸರಿಗೆ ಸಂದೇಹ ಬರುವುದರಿಂದ ಹಿಂದಣ ಕಂಬಿಕಟ್ಟುಗಳನ್ನು ಬಿಗಿಗೊಳಿಸುವರು. ಇರುಳು ಹಾದಿಯಲ್ಲಿ ಕಲಿತ ವಿದ್ಯೆಯನ್ನು ಹಗಲು ಹೊಲದಲ್ಲಿ ಪರಸ್ಪರ ಪರೀಕ್ಷಿಸಿ ನೋಡುವ ಚಪಲವು ಮೂಡಿತು. ಪಂದ್ಯದ ಬೇರುಗಳಲ್ಲಿ ಒಂದು ಇದು. ಹೆಸರಾಂತ ಸಾರಥಿ ಜೂನಿಯರ್ ಜಾನ್ಸನ್ ಅವರು ೧೯೫೬ರಲ್ಲಿ ತಂದೆಯ ಭಟ್ಟಿಯ ಬಳಿ ಸಿಕ್ಕಿಬಿದ್ದು ಸೆರೆಮನೆ ಕಂಡರು. ಹಾದಿಯಲ್ಲಿ ಅವರನ್ನು ಹಿಡಿಯಬಲ್ಲವರು ಇರಲಿಲ್ಲ, ನಿಂತಲ್ಲಿ ಹಿಡಿದರು. ೧೯೮೬ರಲ್ಲಿ ಅಧ್ಯಕ್ಷ ರೇಗನ್ ಅವರು ಆ ಅಪರಾಧವನ್ನು ಕ್ಷಮಿಸಿದರು.

ಇಂತಹ ಜನರನ್ನು ಕಟ್ಟಳೆಗೆ ಒಳಪಡಿಸುವುದು ಸುಲಭವಾದ ಕೆಲಸವಲ್ಲ. ಹೊಸ ಮಾಲೆಯ ಮೊಟ್ಟಮೊದಲನೆಯ ಪಂದ್ಯವು ೧೯೪೯ರ ಜೂನ್ ೧೯ರಂದು ಉತ್ತರ ಕ್ಯಾರೊಲಿನಾದ ಶಾರ್ಲಟ್ ನಗರದ ಮುಕ್ಕಾಲು ಮೈಲಿಯ ಮಣ್ಣುಪಥದಲ್ಲಿ ನಡೆಯಿತು. ಗ್ಲೆನ್ ಡನವೇ ಎಂಬವರು ಎಲ್ಲರಿಗಿಂತ ಮುಂದಾಗಿ ಗೆರೆಯನ್ನು ದಾಟಿದರು. ಗಾಡಿಯನ್ನು ಪರೀಕ್ಷಿಸಿ ನೋಡಲಾಗಿ, ಹಿಂದಣ ಕಂಬಿಕಟ್ಟುಗಳು ಕಳ್ಳಸಾಗಣೆಯವರ ರೀತಿಯಲ್ಲಿ ತಿದ್ದಲ್ಪಟ್ಟಿದ್ದುವು. ಅಂಗಡಿಯಿಂದ ಬಂದಂತೆಯೇ ಗಾಡಿಯಿರಬೇಕೆಂಬ ನಿಯಮಕ್ಕೆ ಇದು ವಿರುದ್ಧವಾದುದರಿಂದ ಜಯವನ್ನು ಅವರಿಂದ ಕಿತ್ತು, ಹಿಂದೆ ಬಂದಿದ್ದ ಜಿಮ್ ರೋಪರ್ ಅವರಿಗೆ ಕೊಟ್ಟರು. ಗಾಡಿಯ ಯಜಮಾನನು ನ್ಯಾಯಾಲಯಕ್ಕೆ ಹೋದನು. ನ್ಯಾಯಾಧೀಶರು ದಾವೆಯನ್ನು ವಜಾಮಾಡಿದರು. ಹೀಗೆ ಈ ಪಂದ್ಯದ ಇತಿಹಾಸವು ಆರಂಭವಾದುದೇ ಗೆದ್ದವನು ಯಾರೆಂಬ ವ್ಯಾಜ್ಯದಿಂದ. ಅದೇ ದಿನ ಓಡಿಸಿದವರಲ್ಲಿ ಸಾರಾ ಕ್ರಿಶ್ಚಿಯನ್ ಎಂಬ ಮಹಿಳೆಯೂ ಇದ್ದರೆಂಬುದನ್ನು ನಮ್ಮ ಗೃಹಿಣಿಯರ ಗಮನಕ್ಕೆ ತರಬೇಕಾಗಿದೆ. ಅದೇ ವರ್ಷ ಇನ್ನೊಂದು ಅರ್ಧ ಮೈಲಿಯ ಮಣ್ಣುಪಥದಲ್ಲಿ ಅವರು ಐದನೆಯವರಾಗಿ ಬಂದರು.

ಈಗ ಪಥದ ಸ್ವರೂಪಕ್ಕೆ ಬರೋಣ. ಮಾರ್ಟಿನ್ಸ್‌ವಿಲ್ಲಿನ ಒಂದು ಸುತ್ತು ೦.೫೨೬ ಮೈಲಿ, ಅಂದರೆ ಸುಮಾರು ೮೪೭ ಮೀಟರು. ಕಾಗದಗಳನ್ನು ಸೇರಿಸಿ ಸಿಕ್ಕಿಸುವ ತಂತಿಯ ಕ್ಲಿಪ್ಪನ್ನು ನೆಲದ ಮೇಲೆ ಇಟ್ಟರೆ ಹೇಗೋ ಅದೇ ಅದರ ಆಕಾರ: ಎಂಟುನೂರು ಅಡಿಗಳ ಎರಡು ನೇರವಾದ ಹಾದಿಗಳು, ಅವುಗಳ ಎರಡು ತುದಿಗಳಲ್ಲಿಯೂ ಇಕ್ಕಟ್ಟಾದ ತಿರುವು. ತಿರುವಿನ ಓರೆ ೧೨ ಡಿಗ್ರಿ ಮಾತ್ರ. ಗಾಡಿಗಳು ಸದಾ ಎಡಕ್ಕೇ ತಿರುಗುವುವು. ಅಂದರೆ ರಂಗದ ಮಧ್ಯವು ಯಾವಾಗಲೂ ಎಡಗಡೆಗೆ. ನಮ್ಮ ಕಣ್ಣಿಗೆ ಇದು ಶುದ್ಧ ಅಪ್ರದಕ್ಷಿಣೆ. ಆದರೆ ಅವರ ದೇಶದಲ್ಲಿ ಗಾಡಿಯ ಚಾಲಕನು ಕುಳಿತುಕೊಳ್ಳುವುದೂ ಎಡಗಡೆಯೇ ಆದುದರಿಂದ, ಬಲಗಡೆಯ ಹೊರಗೋಡೆಗೆ ಗಾಡಿಯು ಬಡಿದರೂ ಅವನ ಮೈಗೂ ಗೋಡೆಗೂ ನಡುವೆ ಗಾಡಿಯ ಅಗಲವೆಲ್ಲ ಇರುತ್ತದೆ.

ನೇರ ಹಾದಿಯಲ್ಲಿ ಚಾಲಕನು ಯಂತ್ರವನ್ನು ಪೂರ್ಣವಾಗಿ ಬಿಡುವನು, ಕೆಲವು ಕ್ಷಣಗಳಲ್ಲಿಯೇ ತಿರುವು ಎದುರಾಗುವುದರಿಂದ ಬ್ರೇಕನ್ನು ಬಲವಾಗಿ ಒತ್ತುವನು, ತಿರುಗುವನು, ಮತ್ತೆ ಬಿಡುವನು. ಐನೂರು ಸುತ್ತಿನ ಪಂದ್ಯದಲ್ಲಿ ಇದು ಸಾವಿರ ಸಲ ಆಗಬೇಕು. ಬ್ರೇಕಿನ ಬಿಲ್ಲೆಗಳು ಕಮ್ಮಾರನ ಕುಲುಮೆಯಲ್ಲಿಟ್ಟಂತೆ ಕೆಂಪಗೆ ಕಾಯುವುದು ಗಾಲಿಯ ಸಂದಿನಲ್ಲಿ ಕಾಣಿಸುವುದುಂಟು. ಚಾಲಕನು ಕುಳಿತಿರುವ ಗೂಡಿನೊಳಗಣ ಶಾಖವು ಬೇಸಗೆಯಲ್ಲಿ ೫೦ ಡಿಗ್ರಿ ಸೆಂಟಿಗ್ರೇಡನ್ನು ಮುಟ್ಟುತ್ತದೆ. ಕುತ್ತಿಗೆಯು ಮುರಿಯದಿರಲೆಂದು ಶಿರಸ್ತ್ರಾಣವನ್ನು ಪಟ್ಟಿಗಳಿಂದ ಬಿಗಿದಿರುವುದರಿಂದ ಅವನು ಹಿಂದಕ್ಕೆ ತಿರುಗಿ ನೋಡಲಾರನು. ಆದುದರಿಂದ ಮೇಲಣ ಮಾಳಿಗೆಯ ಮೇಲೆ ಅವನ ಕಡೆಯವನೊಬ್ಬನು ನಿಂತು, ಒಳಗಡೆ ಒಬ್ಬನು ಬಂದನು, ಹೊರಗಡೆ ಒಬ್ಬನಿದ್ದಾನೆ, ಈಗ ಹಾದಿ ತೆರವಾಯಿತು ಎಂದು ರೇಡಿಯೋ ಮೂಲಕ ಕ್ಷಣಕ್ಷಣಕ್ಕೂ ತಿಳಿಸುತ್ತಿರುವನು. ಧೃತರಾಷ್ಟ್ರನಿಗೆ ಸಂಜಯನಿದ್ದಂತೆ ಇಲ್ಲಿ ಒಬ್ಬೊಬ್ಬ ಸಾರಥಿಗೂ ಒಬ್ಬೊಬ್ಬ ಸಂಜಯನು! ಸುಮಾರು ನೂರು ಸುತ್ತಿಗೊಮ್ಮೆ ಗಾಡಿಯು ಪಕ್ಕಕ್ಕೆ ಬಂದರೆ ಐದು ಮಂದಿ ಆಳುಗಳು ಗೋಡೆಯನ್ನು ಹಾರಿ ಬಂದು, ನಾಲ್ಕು ಗಾಲಿಗಳನ್ನೂ ಬದಲಿಸಿ ಎಣ್ಣೆಯನ್ನು ತುಂಬುವುದಕ್ಕೆ ಹತ್ತು ಹನ್ನೆರಡು ಸೆಕೆಂಡುಗಳು ಸಾಕು.

ಪಥವು ಕಿರಿದಾದುದರ ಫಲವನ್ನು ಸ್ವಲ್ಪ ಲೆಕ್ಕಮಾಡಿ ನೋಡಬೇಕು. ಒಂದು ಗಾಡಿಯ ಉದ್ದ ಹತ್ತಿರ ಹತ್ತಿರ ಐದು ಮೀಟರು. ಮೂವತ್ತೇಳು ಗಾಡಿಗಳನ್ನು ಒಂದರ ಮೂತಿಗೆ ಒಂದರ ಬಾಲವನ್ನು ತಾಗಿಸಿ ನಿಲ್ಲಿಸಿದರೆ ೧೮೦ ಮೀಟರಿಗೂ ಹೆಚ್ಚಾಗುತ್ತದೆ. ಅಂದರೆ ಪಥದ ಐದರಲ್ಲಿ ಒಂದು ಪಾಲಿಗಿಂತ ಅಧಿಕ ಭಾಗವು ಗಾಡಿಗಳಿಂದಲೇ ತುಂಬಿಹೋಗುತ್ತದೆ. ಇನ್ನೊಂದು ಲೆಕ್ಕ. ಮೊದಲಿಗನು ಒಂದು ಸುತ್ತಿಗೆ ಇಪ್ಪತ್ತು ಸೆಕೆಂಡು ತೆಗೆದುಕೊಳ್ಳುವನೆಂದೂ ಹಿಂದಿನವನೊಬ್ಬನು ಅರ್ಧ ಸೆಕೆಂಡು ಹೆಚ್ಚಾಗಿ ತೆಗೆದುಕೊಳ್ಳುವನೆಂದೂ ಇಟ್ಟುಕೊಳ್ಳಿ. ಕಣ್ಣಿಗೆ ಇಬ್ಬರ ವೇಗದಲ್ಲಿಯೂ ಅಂತರವೇ ತೋರದು. ಆದರೂ ನಲವತ್ತು ಸುತ್ತಿಗೆ ಇಪ್ಪತ್ತು ಸೆಕೆಂಡಿನ ವ್ಯತ್ಯಾಸವಾಗಿ, ಮೊದಲಿಗನು ಒಂದು ಪೂರ್ಣ ಸುತ್ತು ಮುಂದಾಗಿ ಅವನ ಬೆನ್ನಿಗೇ ಬಂದು ನಿಲ್ಲುವನು. ಹೀಗೆ ಮುಂದಿನವರೂ ಹಿಂದಿನವರೂ ಕಲಸಿಹೋಗಿ, ಯಾರು ಯಾರನ್ನು ಅಟ್ಟುತ್ತಿರುವರೆಂಬುದು ನೋಡುವವರಿಗೆ ತಿಳಿಯದು. ಒಳಗಡೆಯ ಹಾದಿಯು ಹತ್ತಿರವಾದುದರಿಂದ ಎಲ್ಲರಿಗೂ ಅದೇ ಬೇಕು; ಅದನ್ನು ಹಿಡಿದವನು ಬಿಡುವುದಿಲ್ಲ. ಹಿಂದಿನವನು ತಾಳ್ಮೆಗೆಟ್ಟು ಮುಂದಿನ ಗಾಡಿಯ ಹಿಂಭಾಗಕ್ಕೆ ಮೆಲ್ಲಗೆ ಒಂದು ನೂಕು ಕೊಟ್ಟು, ಅದು ತುಸು ಹೊರಕ್ಕೆ ಜಾರಿದೊಡನೆ ಒಳಗೆ ನುಗ್ಗುವನು. ಮೆಲ್ಲನೆಯ ನೂಕು ಎಷ್ಟು, ಅಧರ್ಮ ಎಷ್ಟು ಎಂಬುದಕ್ಕೆ ಅಳತೆಗೋಲಿಲ್ಲ. ನೂಕಿಸಿಕೊಂಡವನಿಗೆ ಅದು ಯಾವಾಗಲೂ ಅಧರ್ಮವೇ.

ಗೆದ್ದವನಿಗೆ ಇಲ್ಲಿ ದೊರೆಯುವ ಬಹುಮಾನವು ವಿಚಿತ್ರವಾದುದು. ಬೆಳ್ಳಿಯ ಬಟ್ಟಲುಗಳಿಂದ ಬೇಸತ್ತ ಅರ್ಲ್ಸ್ ಅವರು ೧೯೬೪ರಲ್ಲಿ ಆಳುದ್ದದ ಮರದ ಗಡಿಯಾರವನ್ನು ಕೊಡತೊಡಗಿದರು. ಆ ಪ್ರಾಂತವು ಮರಗೆಲಸಕ್ಕೆ ಹೆಸರಾಗಿದ್ದು, ಅಂತಹ ಗಡಿಯಾರಗಳು ನೆರೆಯ ರಿಜ್‌ವೇ ಊರಿನಲ್ಲಿಯೇ ತಯಾರಾಗುತ್ತಿದ್ದುವು. ಮೊದಲನೆಯದನ್ನು ಪಡೆದವರು ಫ್ರೆಡ್ ಲೊರೆನ್ಜನ್. ಸುತ್ತುತ್ತಲೇ ಇರುವ ಮುಳ್ಳುಗಳನ್ನು ಸುತ್ತುತ್ತಲೇ ಇದ್ದವನಿಗೆ ಕೊಡುವುದು ಉಚಿತವಾಗಿಯೇ ಇದೆ. ರಿಚರ್ಡ್ ಪೆಟಿ ಎಂಬ ಮಹಾಸಾರಥಿಯು ಈ ಒಂದು ಪಥದಲ್ಲಿಯೇ ಹದಿನೈದು ಸಲ ಗೆದ್ದರು.

ಮಾರ್ಟಿನ್ಸ್‌ವಿಲ್ಲಿನಿಂದ ಪೂರ್ವಕ್ಕೆ ಸುಮಾರು ಮೂವತ್ತು ಮೈಲಿಯ ದೂರದಲ್ಲಿ ಡ್ಯಾನ್‌ವಿಲ್ ಎಂಬ ಪಟ್ಟಣವಿದೆ. ವೆಂಡೆಲ್ ಸ್ಕಾಟ್ ಅವರು ಅಲ್ಲಿಯವರು. ಕಪ್ಪು ಜನಾಂಗಕ್ಕೆ ಸೇರಿದವರು. ಮಹಾಯುದ್ಧದಲ್ಲಿ ಸೈನ್ಯದ ಯಂತ್ರಕರ್ಮಿಯಾಗಿದ್ದು, ಊರಿಗೆ ಹಿಂದಿರುಗಿ ಗಾಡಿಗಳನ್ನು ರಿಪೇರಿ ಮಾಡುತ್ತ, ಎಲ್ಲರಂತೆ ತಾವೂ ಇರುಳಿನಲ್ಲಿ ಕಳ್ಳಭಟ್ಟಿಯನ್ನು ಸಾಗಿಸುತ್ತಿದ್ದರು. ೧೯೫೨ರಲ್ಲಿ ಊರಿನ ಪಂದ್ಯದವರು, ಕಪ್ಪು ಜನಾಂಗದ ಚಾಲಕನೊಬ್ಬನು ಓಡಿಸಿದರೆ ಜನ ಹೆಚ್ಚಾಗಿ ಬಂದಾರೆಂದು ಎಣಿಸಿ, ಅಂತಹವನು ಯಾರಿರುವನೆಂದು ಪೊಲೀಸರನ್ನೇ ವಿಚಾರಿಸಿದರಂತೆ. ಪೊಲೀಸರು ಬೆನ್ನಟ್ಟಿ ಬೇಸತ್ತಿದ್ದ ಸ್ಕಾಟರ ಹೆಸರನ್ನು ಹೇಳಿದರು. ಇದಕ್ಕಿಂತ ಒಳ್ಳೆಯ ಯೋಗ್ಯತಾಪತ್ರವು ಇನ್ನೇನು ಬೇಕು?

ಅಂದಿನ ದಕ್ಷಿಣ ಸಂಸ್ಥಾನಗಳಲ್ಲಿ ಬಿಳಿಯರಿಗೂ ಕರಿಯರಿಗೂ ಶಾಲೆ ಬೇರೆ, ಹೋಟೆಲು ಬೇರೆ. ಕೆಲವು ಪಥಗಳಲ್ಲಿ ಸ್ಕಾಟರನ್ನು ಒಳಕ್ಕೇ ಬಿಡುತ್ತಿರಲಿಲ್ಲ. ದೊಡ್ಡ ಕಂಪೆನಿಗಳ ಹಣವು ಅವರಿಗೆ ದೊರೆಯಲಿಲ್ಲ. ಹಳೆಯ ಗಾಡಿ, ಹಳೆಯ ಯಂತ್ರ. ತಾವೇ ಬಿಚ್ಚಿ ತಾವೇ ಜೋಡಿಸುವರು. ಮನೆಯ ಮಕ್ಕಳೇ ಆಳುಗಳು. ಹೆಂಡತಿ ಮೇರಿಯವರೂ ಏಳು ಮಕ್ಕಳೂ ಇದ್ದ ಆ ಸಂಸಾರವು ವಾರವಾರವೂ ಒಂದು ಪಂದ್ಯದ ಕೊನೆಯ ಸ್ಥಾನಗಳ ಬಹುಮಾನದಿಂದ ಮುಂದಿನ ಪಂದ್ಯದ ಟೈರುಗಳನ್ನು ಕೊಳ್ಳುತ್ತ ಸಾಗಿತು. ಬೇಸಾಯಗಾರನು ಬಿತ್ತನೆಯ ಕಾಳನ್ನೇ ಉಣ್ಣದೆ ಉಳಿಸಿದಂತೆ ಅವರು ಯಂತ್ರವನ್ನು ಉಳಿಸಿಕೊಂಡು ಓಡಿಸುತ್ತಿದ್ದರು.

೧೯೬೩ರ ಡಿಸೆಂಬರ್ ೧ರಂದು ಫ್ಲಾರಿಡಾದ ಜ್ಯಾಕ್ಸನ್‌ವಿಲ್ಲಿನಲ್ಲಿ, ಅರ್ಧ ಮೈಲಿಯ ಮಣ್ಣುಪಥದಲ್ಲಿ, ಇನ್ನೂರು ಸುತ್ತಿನ ಪಂದ್ಯ. ಕೊನೆಯ ಇಪ್ಪತ್ತೈದು ಸುತ್ತುಗಳಿರುವಾಗ ಸ್ಕಾಟರು ರಿಚರ್ಡ್ ಪೆಟಿಯವರನ್ನು ಹಿಂದಿಕ್ಕಿ ಮೊದಲಿಗರಾದರು. ಇನ್ನೂರು ಸುತ್ತುಗಳೂ ಆದುವು. ಮುಗಿಯಿತೆಂಬುದಕ್ಕೆ ಗುರುತಾದ ಚೌಕುಳಿಯ ಬಾವುಟವು ಬೀಸಲಿಲ್ಲ. ಸ್ಕಾಟರು ಇನ್ನೂ ಎರಡು ಸುತ್ತು ಓಡಿಸಿದರು. ಆಮೇಲೆ ಬಾವುಟವು ಬೀಸಿತು, ಆದರೆ ಬಕ್ ಬೇಕರ್ ಅವರಿಗೆ. ಪಾರಿತೋಷಕವನ್ನು ಕೊಟ್ಟುದೂ ಅವರಿಗೇ. ಆಗ ಸುತ್ತುಗಳನ್ನು ಎಣಿಸುತ್ತಿದ್ದವರು ಕೈಯಲ್ಲಿ ಕಾಗದ ಹಿಡಿದ ಮನುಷ್ಯರು. ಮೇಲೆ ಹೇಳಿದ ಕಾರಣದಿಂದ ಕಿರುಪಥದಲ್ಲಿ ಎಣಿಕೆ ತಪ್ಪುವುದು ಅಸಂಭವವಲ್ಲವೆಂದು ಯಾರಾದರೂ ಅನ್ನಬಹುದು. ಆದರೆ ತಪ್ಪಿದುದು ಎರಡು ಸುತ್ತು. ಸ್ಕಾಟರು ಮರುಎಣಿಕೆಯನ್ನು ಕೇಳಿದರು. ಗಂಟೆಗಳು ಕಳೆದು, ಪ್ರೇಕ್ಷಕರೆಲ್ಲ ಮನೆಗೆ ಹೋದ ಮೇಲೆ, ಗೆದ್ದವರು ಸ್ಕಾಟರೇ ಎಂದು ಅಧಿಕಾರಿಗಳು ಒಪ್ಪಿಕೊಂಡು ಬಹುಮಾನದ ಹಣವನ್ನು ಕೊಟ್ಟರು. ಗೆದ್ದವನ ಪಕ್ಕದಲ್ಲಿ ಊರಿನ ಸುಂದರಿಯೊಬ್ಬಳು ನಿಂತು ಮುತ್ತಿಡುವ ವಾಡಿಕೆ ಅಲ್ಲುಂಟು. ಕರಿಯನಿಗೆ ಬಿಳಿಯ ಹೆಣ್ಣು ಮುತ್ತಿಡುವುದನ್ನು ಜನರ ಕಣ್ಣಿಗೆ ಬೀಳಿಸಲಾರದೆಯೇ ಹಾಗೆ ಮಾಡಿದರೆಂದು ಸ್ಕಾಟರ ಮನೆಯವರು ನಂಬಿದ್ದರು. ನನಗೂ ಬೇರೆ ಕಾರಣವು ಹೊಳೆಯುವುದಿಲ್ಲ.

ಆ ದಿನದ ಪಾರಿತೋಷಕವು ಅವರ ಕೈಸೇರಲೇ ಇಲ್ಲ. ೪೯೫ ಪಂದ್ಯಗಳಲ್ಲಿ ಅದೊಂದೇ ಅವರ ಜಯ. ೧೯೭೩ರಲ್ಲಿ ಟ್ಯಾಲಡೇಗದ ಪಥದಲ್ಲಿ ಭಾರಿಯಾದ ಅಪಘಾತವಾದ ಮೇಲೆ ಅವರ ಓಟವು ನಿಂತಂತಾಯಿತು. ೧೯೯೦ರಲ್ಲಿ ತೀರಿಕೊಂಡರು. ೨೦೧೫ರಲ್ಲಿ ಅವರ ಹೆಸರು ನಾಸ್ಕಾರಿನ ಕೀರ್ತಿಮಂದಿರಕ್ಕೆ ಸೇರಿತು. ೨೦೨೧ರ ಆಗಸ್ಟಿನಲ್ಲಿ, ಪಂದ್ಯ ನಡೆದು ಹತ್ತಿರ ಹತ್ತಿರ ಐವತ್ತೆಂಟು ವರ್ಷಗಳಾದ ಮೇಲೆ, ಡೇಟೋನಾದಲ್ಲಿ ಅವರ ಮಕ್ಕಳ ಕೈಗೆ ಆ ಜಯದ ಪಾರಿತೋಷಕವನ್ನು ಕೊಟ್ಟರು. ಮೂರು ಅಕ್ಷರಗಳನ್ನು ಬರೆಯಿಸಿ ಒಂದು ಬಟ್ಟಲನ್ನು ಕೊಡುವುದಕ್ಕೆ ಇಷ್ಟು ಕಾಲ ಏಕೆ ಹಿಡಿಯಿತೆಂಬುದಕ್ಕೆ ಯಾವ ಶಾಸ್ತ್ರದಲ್ಲಿಯೂ ಉತ್ತರವಿಲ್ಲ.

ಸ್ಕಾಟರ ಅನಂತರ ರಾಷ್ಟ್ರೀಯ ಮಾಲೆಯೊಂದರಲ್ಲಿ ಗೆದ್ದ ಕಪ್ಪು ಜನಾಂಗದ ಮೊದಲನೆಯ ಚಾಲಕರು ಬುಬ್ಬಾ ವಾಲೇಸ್. ಅದು ೨೦೧೩ರ ಅಕ್ಟೋಬರಿನಲ್ಲಿ ನಡೆದ ಟ್ರಕ್ಕುಗಳ ಪಂದ್ಯ, ನಡೆದುದು ಮಾರ್ಟಿನ್ಸ್‌ವಿಲ್ಲಿನಲ್ಲಿಯೇ. ದಾಸ್ಯಪದ್ಧತಿಯನ್ನು ಉಳಿಸಿಕೊಳ್ಳಲು ಅಂತರ್ಯುದ್ಧ ಹೂಡಿದ ದಕ್ಷಿಣದವರ ಧ್ವಜವನ್ನು ಪಂದ್ಯದ ರಂಗಗಳಲ್ಲಿ ಹಾರಿಸಬಾರದೆಂದು ವಾಲೇಸ್ ಅವರು ೨೦೨೦ರಲ್ಲಿ ಬಹಿರಂಗವಾಗಿ ಕೇಳಿಕೊಂಡರು. ಆ ಜೂನ್ ೧೦ರಂದು ನಾಸ್ಕಾರ್ ಅದನ್ನು ನಿಷೇಧಿಸಿತು. ಅದೇ ದಿನ ಸಂಜೆ ಅವರು ಓಡಿಸಿದುದೂ ಮಾರ್ಟಿನ್ಸ್‌ವಿಲ್ಲಿನಲ್ಲಿ. ಸಾಂಕ್ರಾಮಿಕದ ಕಾಲವಾದುದರಿಂದ ಆಸನಗಳೆಲ್ಲ ಬರಿದಾಗಿದ್ದುವು.

ಇನ್ನು ೨೦೨೨ರ ಅಕ್ಟೋಬರ್ ೩೦ನೆಯ ತಾರೀಖಿನ ಸಂಗತಿ. ಅದನ್ನು ಚಲಚ್ಚಿತ್ರದಲ್ಲಿ ಎಷ್ಟು ಸಲ ನೋಡಿದರೂ ನಂಬುವುದು ಕಷ್ಟ. ಆ ವರ್ಷದ ಪದ್ಧತಿಯಂತೆ, ಮಾರ್ಟಿನ್ಸ್‌ವಿಲ್ಲಿನ ಪಂದ್ಯವು ಮುಗಿದೊಡನೆ ಎಂಟು ಮಂದಿಯಲ್ಲಿ ನಾಲ್ವರು ಮಾತ್ರ ಅಂತಿಮ ಪಂದ್ಯಕ್ಕೆ ಉಳಿಯತಕ್ಕದ್ದು. ಕೊನೆಯ ಸುತ್ತಿನಲ್ಲಿ ರಾಸ್ ಚಾಸ್ಟೆನ್ ಅವರು ಹತ್ತನೆಯವರಾಗಿದ್ದರು. ಡೆನಿ ಹ್ಯಾಮ್ಲಿನ್ ಅವರಿಗಿಂತ ಎರಡು ಅಂಕ ಹಿಂದೆ. ಚಾಸ್ಟೆನ್ ಅವರದು ತಲತಲಾಂತರದಿಂದ ಕಲ್ಲಂಗಡಿ ಬೆಳೆಯುವ ಬೇಸಾಯದ ಮನೆತನ. ಗೆದ್ದಾಗಲೆಲ್ಲ ಒಂದು ಕಲ್ಲಂಗಡಿಯನ್ನು ನೆಲಕ್ಕೆ ಅಪ್ಪಳಿಸುವುದು ಅವರ ಪದ್ಧತಿ. ಉಳಿದುದು ಅರ್ಧ ಸುತ್ತು. ಕ್ರಮವಾಗಿ ಓಡಿಸಿದರೆ ಆಸೆಯಿಲ್ಲ. ಆಗ ಅವರು ಐದನೆಯ ಗೇರಿಗೆ ಹಾಕಿ, ಬ್ರೇಕನ್ನು ಮುಟ್ಟದೆ, ಯಂತ್ರವನ್ನು ಪೂರ್ಣವಾಗಿ ಬಿಟ್ಟು, ಗಾಡಿಯ ಬಲಮಗ್ಗುಲನ್ನು ಹೊರಗೋಡೆಗೆ ಒರಗಿಸಿ, ಚಕ್ರದ ಮೇಲಿನಿಂದ ಕೈಗಳನ್ನು ತೆಗೆದುಬಿಟ್ಟರು.

ಇದು ಹೇಗೆ ಸಾಧ್ಯವಾಯಿತೆಂಬುದನ್ನು ತಿಳಿಯಲು ಮನೆಯಲ್ಲಿ ಒಂದು ತಂಬಿಗೆಗೆ ದಾರ ಕಟ್ಟಿ ಸುತ್ತಲೂ ತಿರುಗಿಸಿ ನೋಡಬಹುದು. ತಂಬಿಗೆಯು ನೆಟ್ಟಗೆ ಹೋಗಲೆಳಸುತ್ತದೆ. ದಾರವು ಒಳಕ್ಕೆ ಎಳೆಯುತ್ತದೆ. ತಿರುವಿನಲ್ಲಿ ಗಾಡಿಗೆ ಇಂತಹ ದಾರವಾಗುವುದು ಟೈರಿಗೂ ನೆಲಕ್ಕೂ ನಡುವಣ ಘರ್ಷಣೆ. ವೇಗವು ಎರಡರಷ್ಟಾದರೆ ಬೇಕಾಗುವ ಎಳೆತವು ನಾಲ್ಕರಷ್ಟಾಗುತ್ತದೆ. ರಬ್ಬರಿಗಾದರೋ ಒಂದು ಮಿತಿಯುಂಟು. ಅದಕ್ಕಾಗಿಯೇ ಎಲ್ಲರೂ ಬ್ರೇಕು ಹಾಕುವುದು. ಚಾಸ್ಟೆನ್ ಅವರು ದಾರದ ಕೆಲಸವನ್ನು ಗೋಡೆಗೆ ಒಪ್ಪಿಸಿದರು. ಹೊರಗಣಿಂದ ಒಳಕ್ಕೆ ಒತ್ತುವ ಗೋಡೆಯ ಬಲಕ್ಕೆ ರಬ್ಬರಿನ ಮಿತಿಯಿಲ್ಲ; ಗಾಡಿಯು ಉಳಿದರೆ ಸಾಕು. ಉಳಿಯಿತು. ಕಿಡಿ ಕಾರುತ್ತ, ಐದು ಗಾಡಿಗಳನ್ನು ಹಿಂದೆ ಹಾಕಿ, ಗೆರೆಯ ಬಳಿಗೆ ಬರುವಷ್ಟರಲ್ಲಿ ಹ್ಯಾಮ್ಲಿನ್ ಅವರನ್ನೂ ದಾಟಿಯಾಗಿದ್ದಿತು. ಆ ಸುತ್ತಿಗೆ ಹಿಡಿದ ಕಾಲ ೧೮.೮೪೫ ಸೆಕೆಂಡು. ಸ್ಟಾಕ್ ಕಾರೊಂದು ಆ ಪಥವನ್ನು ಅಷ್ಟು ಬೇಗ ಸುತ್ತಿದುದು ಅದಕ್ಕೆ ಹಿಂದೆ ಇರಲಿಲ್ಲ. ಈ ಉಪಾಯವು ಎಲ್ಲಿಂದ ಬಂದಿತೆಂದು ಕೇಳಿದವರಿಗೆ ಅವರು ಹೇಳಿದುದು, ಬಾಲ್ಯದಲ್ಲಿ ಆಡುತ್ತಿದ್ದ ವಿಡಿಯೋ ಆಟದಲ್ಲಿ ಹೀಗೆ ಮಾಡುತ್ತಿದ್ದೆನೆಂದು. ಮಕ್ಕಳ ಆಟವೆಲ್ಲ ಕಾಲಹರಣವೆಂದು ಗದರಿಸುವ ನನ್ನಂತಹ ಉಪಾಧ್ಯಾಯರು ಇದಕ್ಕೆ ಏನೆನ್ನಬೇಕೋ!

ಜನರು ಕುಣಿದರು. ಹ್ಯಾಮ್ಲಿನ್ ಅವರೇ ಅದನ್ನು ಮೆಚ್ಚಿ ಮಾತನಾಡಿದರು. ಆದರೆ ಕೈಲ್ ಲಾರ್ಸನ್ ಮೊದಲಾದ ಸಹಚಾಲಕರು ಇದು ಪಂದ್ಯಕ್ಕೆ ನಾಚಿಕೆಗೇಡೆಂದರು. ಎರಡು ಮಾತುಗಳಲ್ಲಿಯೂ ಸತ್ಯವಿದೆ. ಆ ದಿನದ ನಿಯಮದಲ್ಲಿ ಗೋಡೆಯನ್ನು ಒರಗಬಾರದೆಂದು ಸ್ಪಷ್ಟವಾಗಿ ಬರೆದಿರಲಿಲ್ಲ, ಬರೆಯದಿದ್ದುದಕ್ಕೆ ಶಿಕ್ಷೆಯಿಲ್ಲ. ಆದರೆ ಮುಂದಿನ ಸಲ ಮೂವತ್ತು ಮಂದಿಯೂ ಗೋಡೆಗೆ ಬಿದ್ದರೆ? ಗೋಡೆಯಾಚೆ ಕುಳಿತಿರುವವರು ಸಂಸಾರಸಮೇತವಾಗಿ ಬಂದ ಪ್ರೇಕ್ಷಕರು. ಚಾಸ್ಟೆನ್ ಅವರ ಫಲಿತಾಂಶವನ್ನು ಹಾಗೆಯೇ ಉಳಿಸಿಕೊಂಡು, ೨೦೨೩ರ ಜನವರಿಯಲ್ಲಿ ನಾಸ್ಕಾರ್, ಇನ್ನು ಮುಂದೆ ಹಾಗೆ ಮಾಡಿದವರನ್ನು ಮೊದಲೇ ಇದ್ದ ಸುರಕ್ಷತೆಯ ನಿಯಮದಂತೆ ದಂಡಿಸುವುದಾಗಿ ಸಾರಿತು. ಅಂತಿಮ ಪಂದ್ಯಮಾಲೆಯಲ್ಲಿ ಚಾಸ್ಟೆನ್ ಅವರು ಎರಡನೆಯವರಾದರು.

ಅಂದು, ೨೦೨೨ರಲ್ಲಿ, ಪಂದ್ಯವನ್ನು ಗೆದ್ದು ಗಡಿಯಾರವನ್ನು ಪಡೆದವರು ಕ್ರಿಸ್ಟಫರ್ ಬೆಲ್. ಎರಡು ವರ್ಷಗಳ ಮೇಲೆ, ೨೦೨೪ರ ನವೆಂಬರ್ ೩ರಂದು, ಅದೇ ಪಥದಲ್ಲಿ, ಅದೇ ಕೊನೆಯ ತಿರುವಿನಲ್ಲಿ, ಅಂತಿಮ ಪಂದ್ಯದ ಒಂದೇ ಒಂದು ಸ್ಥಾನಕ್ಕಾಗಿ ಹೋರಾಡುತ್ತಿದ್ದ ಬೆಲ್ ಅವರ ಗಾಡಿಯು ಗೋಡೆಗೆ ಜಾರಿ, ಗೋಡೆಯನ್ನು ಒರಗಿಕೊಂಡೇ ಗೆರೆಯನ್ನು ಸೇರಿತು. ತಾವಾಗಿ ಮಾಡಿದುದಲ್ಲ, ಜಾರಿತು ಎಂದರು ಅವರು. ಅಧಿಕಾರಿಗಳು ಅರ್ಧ ಗಂಟೆಯಷ್ಟು ಕಾಲ ಆಲೋಚಿಸಿ, ಚಾಸ್ಟೆನ್ ಅವರಿಂದಾಗಿ ಸಾರಿದ್ದ ದಂಡವನ್ನು ಬೆಲ್ ಅವರಿಗೆ ವಿಧಿಸಿದರು. ಸ್ಥಾನವು ವಿಲಿಯಂ ಬೈರನ್ ಅವರ ಪಾಲಾಯಿತು.

ಅಲ್ಲಿಗೂ ಮುಗಿಯಲಿಲ್ಲ. ನಮ್ಮ ವೈದಿಕ ಗ್ರಂಥಗಳಲ್ಲಿ ವಾಜಪೇಯವೆಂಬ ಯಾಗದಲ್ಲಿ ಹದಿನೇಳು ರಥಗಳ ಓಟವನ್ನು ವಿಧಿಸಿದೆ. ಅತ್ತಿಯ ಕೊಂಬೆಯನ್ನು ನೆಟ್ಟ ಗುರುತನ್ನು ಬಳಸಿಕೊಂಡು ರಥಗಳು ಹಿಂದಿರುಗಬೇಕು. ಅಲ್ಲಿ ಗೆಲ್ಲತಕ್ಕವನು ಯಜಮಾನನೇ. ಉಳಿದ ಹದಿನಾರು ಮಂದಿ ಓಡಿಸುವುದೂ ಅವನನ್ನು ಮುಂದೆ ಬಿಡುವುದಕ್ಕಾಗಿಯೇ. ಯಾಗದಲ್ಲಿ ಅದು ವಿಧಿ. ಪಂದ್ಯದಲ್ಲಿ ಅದೇ ಅಪರಾಧ. ಆ ದಿನದ ಕೊನೆಯ ಸುತ್ತುಗಳನ್ನು ಮತ್ತೆ ಪರೀಕ್ಷಿಸಿದಾಗ, ಒಂದೇ ಕಂಪೆನಿಯ ಗಾಡಿಗಳನ್ನು ಓಡಿಸುವ ಇಬ್ಬರು ಬೈರನ್ ಅವರ ಹಿಂದೆಯೇ ಗೋಡೆಯಂತೆ ನಿಂತು ಅವರ ಸ್ಥಾನವನ್ನು ಕಾದರೆಂದೂ, ಮತ್ತೊಂದು ಕಂಪೆನಿಯ ಗಾಡಿಯವರೊಬ್ಬರು ಬೇಕೆಂದೇ ನಿಧಾನಿಸಿ ಬೆಲ್ ಅವರನ್ನು ಮುಂದೆ ಬಿಟ್ಟರೆಂದೂ ನಾಸ್ಕಾರ್ ತೀರ್ಮಾನಿಸಿತು. ಮೂವರು ಚಾಲಕರಿಗೂ ತಲಾ ಒಂದು ಲಕ್ಷ ಡಾಲರು ದಂಡ. ಅವರವರ ಸಂಜಯರಿಗೆ ಒಂದು ಪಂದ್ಯದ ಬಹಿಷ್ಕಾರ. ಬೈರನ್ ಅವರನ್ನು ಕಾದ ಇಬ್ಬರಲ್ಲಿ ಒಬ್ಬರು ಆಸ್ಟಿನ್ ಡಿಲನ್, ಇನ್ನೊಬ್ಬರು ರಾಸ್ ಚಾಸ್ಟೆನ್. ನಿಧಾನಿಸಿದವರು ಬುಬ್ಬಾ ವಾಲೇಸ್. ಟೈರಿನ ಗಾಳಿ ಹೋಗುತ್ತಿದ್ದಿತೆಂಬುದು ಅವರ ಕಡೆಯವರ ವಾದ.

ಇಷ್ಟೆಲ್ಲ ಗಲಭೆಯ ನಡುವೆ ಆ ಸಂಜೆ ಪಂದ್ಯವನ್ನು ಗೆದ್ದವರು ರಾಯನ್ ಬ್ಲೇನಿ. ಮರದ ಗಡಿಯಾರವು ಅವರ ಮನೆಗೆ ಹೋಯಿತು.